ನಮ್ಮ ಮನೆಗೆ ಬಂದಾಕೆ ಯಾವ ಸಿನಿಮಾದಾಕೆ?

ನನಗೆ ಮಲತಾಯಿ ಬರುವ ಹೊತ್ತಿಗೆ ನಾನು ಪೂರ್ತಿ ತಯಾರಾಗಿದ್ದೆ. ಸುಗ್ಗಿ ಮುಗಿದ ಮೇಲೆ ನಮ್ಮ ತಿಕೋಟಾಕ್ಕೆ ಟೆಂಟ್ ಸಿನಿಮಾ ಬರುತ್ತಿತ್ತು. ವಿಜಾಪುರದ ಟಾಕೀಸಿನಲ್ಲಿ ಓಡಿ, ಸುತ್ತಲಿನ ಊರುಗಳನ್ನೆಲ್ಲ ತಿರುಗಿ, ಗೀಚು ಬಿದ್ದ ರೀಲು ನಮ್ಮೂರು ಮುಟ್ಟುವಷ್ಟರಲ್ಲಿ ಎರಡು ವರ್ಷ ಆಗಿರುತ್ತಿತ್ತು. ಸುಡುಬಿಸಿಲಿನ ದೃಶ್ಯದಲ್ಲೂ ಪರದೆಯ ಮೇಲೆ ಮಳೆ ಹೊಯ್ಯುತ್ತಿತ್ತು. ಆ ಮಳೆಯಲ್ಲಿ ಕೂತು ನಾನು ಮಲತಾಯಂದಿರನ್ನು ಅಭ್ಯಾಸ ಮಾಡಿದವನು. ಅಭ್ಯಾಸವೆಂದರೆ ಬರೀ ನೋಡುವುದಲ್ಲ. ಮರುದಿನ ಕಟ್ಟೆಯ ಮೇಲೆ ನಿಂತು ಮಾಡಿ ತೋರಿಸುವುದು.

ಊರಿನಲ್ಲಿ ನನಗೆ ಇದ್ದ ಕಿಮ್ಮತ್ತು ಅಷ್ಟೇ. ಬಸ್ಸಿನ ಕಂಡಕ್ಟರ್, ನಮ್ಮ ಹೆಡ್‌ಮಾಸ್ತರ, ಸಿನಿಮಾ ಸಾರುವ ಜೀಪು, ಗಿರಾಕಿ ಹೊರಟ ಮೇಲೆ ಗೊಣಗುವ ನಮ್ಮಪ್ಪ, ಯಾರನ್ನು ಬೇಕಾದರೂ ಮಾಡುತ್ತಿದ್ದೆ. ಅಪ್ಪನಿಗೆ ಪಾತ್ರೆ ಅಂಗಡಿ ಇತ್ತು. ತಾಮ್ರದ ಕೊಡಕ್ಕೆ ಬೆರಳು ಬಡಿದು ಅದರ ದನಿ ಕೇಳಿಯೇ ಸೀಳಿದೆಯೋ ಇಲ್ಲವೋ ಹೇಳುತ್ತಿದ್ದ. ನನ್ನನ್ನೂ ಹಾಗೆಯೇ ಆಗಾಗ ಬಡಿದು ನೋಡಿ, ಸೀಳಿದೆ ಎಂದು ತೀರ್ಮಾನಿಸಿದ್ದ.

ಸಿನಿಮಾದ ಮಲತಾಯಂದಿರಲ್ಲಿ ಎರಡು ಜಾತಿ. ಕಪ್ಪು ಬಿಳುಪಿನಾಕೆ ಬಂದ ದಿನವೇ ಸತ್ತವಳ ಫೋಟೋ ಗೋಡೆಯಿಂದ ಕಿತ್ತು ಹಾಕುತ್ತಾಳೆ. ತನ್ನ ಮಗನಿಗೆ ಹಾಲು, ಸವತಿಯ ಮಗನಿಗೆ ತಂಗಳು. ಸೊಂಟದಲ್ಲಿ ಬೀಗದ ಕೈ, ಬಾಯಲ್ಲಿ ‘ಅನಿಷ್ಟವೇ!’ ಆಮೇಲೆ ಬಂದ ಬಣ್ಣದ ಸಿನಿಮಾಗಳಲ್ಲಿ ಆಕೆ ಒಮ್ಮೆಲೇ ದೇವತೆಯಾಗಿದ್ದಾಳೆ. ಸವತಿಯ ಮಗನಿಗಾಗಿ ತನ್ನ ಮಗನನ್ನೇ ಮನೆ ಬಿಡಿಸುತ್ತಾಳೆ, ಅನ್ನ ನೀರು ಬಿಡುತ್ತಾಳೆ, ಕಡೆಗೆ ಮೆಟ್ಟಿಲ ಮೇಲಿಂದ ಉರುಳಿ ಬಿದ್ದು, ಸವತಿಯ ಮಗ ‘ಅಮ್ಮಾ’ ಅಂದ ಮೇಲೆಯೇ ಕಣ್ಣು ಮುಚ್ಚುತ್ತಾಳೆ. ಹೋದ ವಾರ ವಿಜಾಪುರದಲ್ಲಿ ನೋಡಿದ್ದರಲ್ಲೂ ಇದೇ. ನನ್ನ ಪಕ್ಕದಲ್ಲಿದ್ದವರೆಲ್ಲ ಸೆರಗಿನಿಂದ, ಟವಲಿನಿಂದ ಕಣ್ಣೊರೆಸಿಕೊಳ್ಳುತ್ತಿದ್ದರು. ನಾನು ಮಾತ್ರ, ನಮ್ಮ ತಿಕೋಟಾದಲ್ಲಿ ಮೆಟ್ಟಿಲಿರುವ ಮನೆಗಳು ಎಷ್ಟಿವೆ ಎಂದು ಯೋಚಿಸುತ್ತಿದ್ದೆ. ನಮ್ಮ ಮನೆಗೆ ಮೂರೇ ಮೆಟ್ಟಿಲು. ಉರುಳಿದರೆ ಮಂಡಿ ಕೆತ್ತೀತು, ಅಷ್ಟೆ.

ನನ್ನವ್ವ ಸತ್ತು ಮೂರು ವರ್ಷಕ್ಕೆ, ನಾನು ವಿಜಾಪುರದ ಕಾಲೇಜಿಗೆ ಬಸ್ಸಿನಲ್ಲಿ ಹೋಗಿ ಬರಲು ಶುರು ಮಾಡಿದ ವರ್ಷ, ಅಪ್ಪ ಉಡಿಕಿ ಮಾಡಿಕೊಂಡ. ಗಂಡ ಸತ್ತ ಹೆಣ್ಣಿಗೆ ಹಿರಿಯರ ಮುಂದೆ ಸೀರೆ ಉಡಿಸಿ ಇನ್ನೊಂದು ಮನೆಗೆ ಕೊಡುವುದಕ್ಕೆ ನಮ್ಮಲ್ಲಿ ಉಡಿಕಿ ಎನ್ನುತ್ತಾರೆ. ಬಾಜಾ ಇಲ್ಲ, ಮೆರವಣಿಗೆ ಇಲ್ಲ. ಹೆಣ್ಣಿನ ತವರು ಬಬಲೇಶ್ವರ; ಮೊದಲು ಕೊಟ್ಟಿದ್ದು ಕಾಖಂಡಕಿಗೆ. ಅಲ್ಲಿ ಗಂಡ ಹೋದ, ಒಬ್ಬ ಮಗಳಿದ್ದಳು. ಉಡಿಕಿಯ ಕಟ್ಟಳೆ ಹೇಗೆಂದರೆ ತಾಯಿ ಬರುತ್ತಾಳೆ, ಕೂಸು ಬರುವುದಿಲ್ಲ. ಕೂಸು ಸತ್ತವನ ಮನೆಗೆ ಸೇರಿದ್ದು. ಹೀಗೆ ಆರು ವರ್ಷದ ಹುಡುಗಿ ಕಾಖಂಡಕಿಯಲ್ಲಿ ಅಪ್ಪನ ಅಪ್ಪ ಅವ್ವ, ಮುತ್ಯಾ ಆಯಿಯ ಹತ್ತಿರ ಉಳಿದಳು; ತಾಯಿ ನಮ್ಮ ಮನೆಯ ಹೊಸ್ತಿಲು ದಾಟಿದಳು. ಈ ಸಂಗತಿ ನನಗೆ ಗೊತ್ತಿತ್ತು. ಆದರೆ ಪಂಚಾಂಗದಲ್ಲಿ ಗ್ರಹಣ ಗೊತ್ತಿರುತ್ತದಲ್ಲ, ಹಾಗೆ.

ಮೊದಲ ದಿನ ನಾನು ಗೋಡೆಯ ಮೇಲಿನ ಅವ್ವನ ಫೋಟೋದ ಕೆಳಗೇ ಕುರ್ಚಿ ಹಾಕಿಕೊಂಡು ಕಾವಲು ಕೂತೆ. ಯಾವಾಗ ಕೀಳುತ್ತಾಳೆ ನೋಡಿಯೇ ಬಿಡುವಾ ಎಂದು. ಆಕೆ ಬಂದಳು, ಫೋಟೋ ನೋಡಿದಳು, ನನ್ನನ್ನು ನೋಡಿದಳು. ಕೊರಳಿನಿಂದ ಒಂದು ಕರಿದಾರ ಎಳೆದು, ಅದರಲ್ಲಿದ್ದ ಬೆಳ್ಳಿಯ ಬಿಲ್ಲೆಗೆ ಕುಂಕುಮ ಹಚ್ಚಿ, ಮತ್ತೆ ಕುಪ್ಪಸದೊಳಗೆ ಸೇರಿಸಿದಳು. ಬಿಲ್ಲೆಯ ಮೇಲೆ ಒಂದು ಹೆಣ್ಣಿನ ಮುಖ ಒತ್ತಿತ್ತು. ಎರಡನೆಯವಳಾಗಿ ಬಂದವಳು ಸತ್ತ ಮೊದಲನೆಯವಳನ್ನು ಹೀಗೆ ಕೊರಳಲ್ಲಿ ಕಟ್ಟಿಕೊಳ್ಳುವುದು ನಮ್ಮ ಕಡೆಯ ಪದ್ಧತಿ. ಹೊಸ ಸೀರೆ ತಂದರೂ ಮೊದಲು ಬಿಲ್ಲೆಗೆ ಮುಟ್ಟಿಸಿಯೇ ಉಡಬೇಕು. ಅಂದರೆ ಆಕೆ ನನ್ನವ್ವನನ್ನು ಕೊರಳಿಗೆ ಹಾಕಿಕೊಂಡು ಓಡಾಡುತ್ತಿದ್ದಳು. ಫೋಟೋ ಕಾಯುತ್ತ ಕೂತ ನಾನು ಎದ್ದು ಕುರ್ಚಿ ಅದರ ಜಾಗಕ್ಕೆ ಇಟ್ಟೆ. ಇಂಥದು ಯಾವ ಸಿನಿಮಾದಲ್ಲೂ ಬಂದಿರಲಿಲ್ಲ. ಮುಂದೆ ನಾನು ಏನು ಮಾಡಬೇಕು ಎಂಬುದೇ ತಿಳಿಯಲಿಲ್ಲ.

ಬೈಯಲಿ ಎಂದು ಕಾದೆ, ಬೈಯಲಿಲ್ಲ. ಹಾಗಾದರೆ ಬಣ್ಣದ ಸಿನಿಮಾದಾಕೆ ಇರಬೇಕೆಂದು, ಅಪ್ಪಿಕೊಂಡು ಅಳಲಿ ಎಂದು ಕಾದೆ. ಅದೂ ಇಲ್ಲ. ನನಗೂ ಆಕೆಗೂ ಹತ್ತು ವರ್ಷದ ಅಂತರ. ಬೀಗರ ಮನೆಯವರನ್ನು ಮಾತಾಡಿಸಿದ ಹಾಗೆ ಮಾತಾಡಿಸುತ್ತಿದ್ದಳು.

‘ಉಣ್ಣಾಕ ಬರ್ರಿ. ಆರಿ ಹೊಕ್ಕೈತಿ, ಹೌದಿಲ್ಲೋ?’

ದನಿ ಸ್ವಲ್ಪ ಒಡಕು. ಗಂಟಲಲ್ಲಿ ಜೋಳದ ಹೊಟ್ಟು ಸಿಕ್ಕಿದಂತೆ. ಪ್ರತಿ ಮಾತಿನ ತುದಿಗೂ ‘ಹೌದಿಲ್ಲೋ?’ ಉತ್ತರಕ್ಕೆ ಕಾಯುತ್ತಿರಲಿಲ್ಲ. ಒಬ್ಬಳೇ ರೊಟ್ಟಿ ಬಡಿಯುವಾಗಲೂ ‘ಹಿಟ್ಟು ಮುಗೀತು, ಹೌದಿಲ್ಲೋ’ ಎಂದು ಹಿಟ್ಟು ನಾದುವ ಕೊಣಮಿಗೆಗೆ ಹೇಳುತ್ತಿದ್ದಳು. ನಾನು ಆಕೆಯನ್ನು ಏನೆಂದೂ ಕರೆಯುತ್ತಿರಲಿಲ್ಲ. ಅವ್ವ ಅನ್ನಲು ಬಾಯಿ ಬರುತ್ತಿರಲಿಲ್ಲ. ಚಿಗವ್ವ ಅಂದರೆ ಅಪ್ಪನಿಗೆ ಬೇಜಾರಾದೀತೋ ಸಂತೋಷವಾದೀತೋ ಗೊತ್ತಿರಲಿಲ್ಲ. ನೀರು ಬೇಕಾದರೆ ತಂಬಿಗೆ ಸಪ್ಪಳ ಮಾಡುತ್ತಿದ್ದೆ. ನೂರು ಜನರ ದನಿ ತೆಗೆಯುವವನು ಸ್ವಂತ ಮನೆಯಲ್ಲಿ ತಂಬಿಗೆಯಿಂದ ಮಾತಾಡುತ್ತಿದ್ದೆ.

ಒಂದು ವಿಷಯದಲ್ಲಿ ಮಾತ್ರ ಹಟ ಹಿಡಿದೆ. ಮುಂಜಾನೆ ನನಗೆ ತಂಗಳ ರೊಟ್ಟಿಯೇ ಬೇಕು. ರಾತ್ರಿಯದು, ಕಟಕಾಗಿದ್ದು, ಮೇಲೆ ಮೊಸರು, ಶೇಂಗಾ ಹಿಂಡಿ, ಒಂದು ಹಸಿ ಉಳ್ಳಾಗಡ್ಡಿ. ಬಿಸಿ ರೊಟ್ಟಿ ಮಾಡುತ್ತೇನೆಂದು ಆಕೆ ಎಷ್ಟು ಹೇಳಿದರೂ ಬೇಡವೆಂದು, ತಾಟು ಹಿಡಿದು ಹೊರಗಿನ ಮೆಟ್ಟಿಲ ಮೇಲೆ ಕೂತು ತಿನ್ನುತ್ತಿದ್ದೆ. ಸಿನಿಮಾದ ಮಲಮಕ್ಕಳು ಯಾಕೆ ತಂಗಳು ನೋಡಿ ಅಳುತ್ತಾರೆ ಎಂಬುದು ನನಗೆ ಸಣ್ಣಂದಿನಿಂದ ಅರ್ಥವಾಗದ ಪ್ರಶ್ನೆ. ಬಹುಶಃ ಅವರಿಗೆ ಹಿಂಡಿ ಕೊಟ್ಟಿರಲಿಕ್ಕಿಲ್ಲ.

ಒಂದು ವರ್ಷ ಹೀಗೆ ಹೋಯಿತು. ಬೇಸಿಗೆಯಲ್ಲಿ, ಬಬಲೇಶ್ವರದಲ್ಲಿ ನನ್ನ ಕಾಲೇಜಿನ ಗೆಳೆಯನ ಅಕ್ಕನ ಮದುವೆ. ಊಟವಾಗಿ ಜನ ಹಂದರದಲ್ಲಿ ಅಡ್ಡಾಗಿದ್ದರು. ಗೆಳೆಯರು ನನ್ನನ್ನು ಎಬ್ಬಿಸಿದರು.

‘ಲೇ, ಸಿನಿಮಾದ ಮಲತಾಯಿ ಮಾಡಲೇ.’

ಮಾಡಿದೆ. ತಲೆಯ ಮೇಲೆ ಟವಲು ಹೊದ್ದು, ಸೊಂಟದ ಮೇಲೆ ಕೈ ಇಟ್ಟು, ‘ಎಲೋ ಅನಿಷ್ಟವೇ, ಹಾಲು ಬೇಕೆ ನಿನಗೆ, ಹಾಲು?’ ಎಂದು ಕಿರುಚಿದೆ. ಹುಡುಗರು ನಕ್ಕರು. ದಿಂಬಿಗೆ ಒರಗಿದ್ದ ಒಬ್ಬ ಹಿರಿಯ ಮಾತ್ರ ಅಡಿಕೆ ಕತ್ತರಿಸುತ್ತ, ‘ಇದ್ಯಾವ ಸೀಮಿ ಬೈಗಳೋ ತಮ್ಮಾ? ಹಿಂಗ ಬೈದ್ರ ನಮ್ಮ ಕಡೆ ಎಮ್ಮೀನೂ ಏಳಂಗಿಲ್ಲ. ನಮ್ಮ ಮಾತಿನ್ಯಾಗ ಬೈಸು ನೋಡೂನು’ ಎಂದ.

ಮಾತು ನಿಜ. ಸಿನಿಮಾದವರೆಲ್ಲ ಬೈಯುವುದು ಆ ಕಡೆಯ ಕನ್ನಡದಲ್ಲಿ. ನಮ್ಮ ಕಡೆಯ ಮಲತಾಯಿ ಹೇಗೆ ಬೈಯುತ್ತಾಳೆ ಎಂದು ನನಗೆ ಯಾವ ಸಿನಿಮಾವೂ ಹೇಳಿಕೊಟ್ಟಿರಲಿಲ್ಲ. ಯೋಚಿಸಲು ಹೊತ್ತಿರಲಿಲ್ಲ, ಜನ ಕಾಯುತ್ತಿದ್ದರು. ನಾಲಿಗೆಗೆ ಹತ್ತಿರವಿದ್ದ ಹೆಣ್ಣಿನ ದನಿ ಒಂದೇ. ಅದು ತಾನಾಗಿಯೇ ಹೊರಗೆ ಬಂತು.

‘ತಂಗಳ ರೊಟ್ಟಿ ತಿನ್ನು, ಬಿಸೀದು ನನ್ನ ಮಗಳಿಗಿ ಬೇಕು, ಹೌದಿಲ್ಲೋ? ನಿಮ್ಮವ್ವನ ಸಂಗಾಟ ನೀನೂ ಹೋಗಬೇಕಾಗಿತ್ತು, ಹೌದಿಲ್ಲೋ?’

ಹಂದರ ಹಾರಿಹೋಗುವಂತೆ ನಕ್ಕರು. ಅಡಿಕೆಯ ಹಿರಿಯ ಅಡಕತ್ತು ಕೆಳಗಿಟ್ಟು ನಕ್ಕ. ಇನ್ನಷ್ಟು ಮಾಡಿದೆ. ಹೆಂಗಸರ ಕಡೆಯ ಚಾಪೆಯಲ್ಲಿ ನಾಲ್ಕು ಜನ ನಗದೆ ಒಬ್ಬರ ಮುಖ ಒಬ್ಬರು ನೋಡಿಕೊಂಡಿದ್ದನ್ನು ಕಂಡೆ. ಹಾಸ್ಯ ತಿಳಿಯದವರು ಅಂದುಕೊಂಡೆ. ಆಕೆ ಹುಟ್ಟಿ ಬೆಳೆದದ್ದು ಅದೇ ಊರಿನಲ್ಲಿ, ಆ ‘ಹೌದಿಲ್ಲೋ’ ಅಲ್ಲಿಯವರಿಗೆ ಮುಖಕ್ಕಿಂತ ಚೆನ್ನಾಗಿ ಗೊತ್ತು ಎಂಬುದು ನನ್ನ ತಲೆಗೆ ಹೊಳೆಯಲೇ ಇಲ್ಲ. ಸಂಜೆಯ ಬಸ್ಸಿನಲ್ಲಿ ಶಿಳ್ಳೆ ಹಾಕುತ್ತ ಮನೆಗೆ ಬಂದೆ.

ಮನೆಯಲ್ಲಿ ಆಕೆ ಒಂದು ಹಳೆಯ ಇಳಕಲ್ ಸೀರೆ ಕತ್ತರಿಸಿ ಕೈಯಿಂದಲೇ ಸಣ್ಣ ಹುಡುಗಿಯ ಲಂಗ, ಒಂದು ಪರಕಾರ ಹೊಲಿಯುತ್ತಿದ್ದಳು. ಸಾಲಿ ಸೂಟಿ ಬಿಟ್ಟ ಮೇಲೆ ಮಗಳನ್ನು ಎಂಟು ದಿನ ಕಳಿಸಲು ಕಾಖಂಡಕಿಯವರು ಒಪ್ಪಿದ್ದರಂತೆ. ಒಂದು ವರ್ಷ ಅವರ ಕಡೆ ಇವರ ಕಡೆ ಹೇಳಿ ಕಳಿಸಿ ಒಪ್ಪಿಸಿದ್ದಳಂತೆ. ಇದನ್ನು ನನಗೆ ಹೇಳಿದ್ದು ಅಪ್ಪ. ಆಕೆ ಹೇಳಿರಲಿಲ್ಲ, ನಾನು ಕೇಳಿರಲಿಲ್ಲ.

ಆ ವಾರ ಅಪ್ಪ ಸಾಮಾನು ತರಲು ವಿಜಾಪುರಕ್ಕೆ ಹೋಗಿದ್ದ. ಮಧ್ಯಾಹ್ನ ಬಂದವನು ಚೀಲ ಇಳಿಸಲಿಲ್ಲ, ಕಾಲು ತೊಳೆಯಲಿಲ್ಲ.

‘ಗಾಂಧಿ ಚೌಕದಾಗ ಕಾಖಂಡಕಿಯಾಂವ ಒಬ್ಬ ಸಿಕ್ಕಿದ್ದ’ ಎಂದ. ‘ಹುಡುಗೀನ ಕಳಸಂಗಿಲ್ಲಂತ.’

ಆಕೆಯ ಕೈಯ ಸೂಜಿ ನಿಂತಿತು. ‘ಯಾಕಂತ್ರಿ?’

‘ಬಬಲೇಶ್ವರದ ಮದಿವ್ಯಾಗ ಈ ಮನಿ ಹಿರೇಮಗ ಎಲ್ಲಾರ ಮುಂದ ಅಂದಾನಂತ. ಮಲತಾಯಿ ತಂಗಳ ರೊಟ್ಟಿ ಹಾಕ್ತಾಳ, ಸಾಯಿ ಅಂತಾಳ ಅಂತ. ಮುದುಕಿಗಿ ಸುದ್ದಿ ಮುಟ್ಟೇತಿ. ಮುದುಕಿ ನಮ್ಮ ಓಣ್ಯಾಗೂ ಕೇಳ್ಸ್ಯಾಳಂತ. ನಮ್ಮ ಬಾಜೂ ಮನಿಯಾಕಿ, ಹೌದ್ರಿ, ದಿನಾ ಮುಂಜಾನಿ ಹುಡುಗ ಮೆಟ್ಟಲ ಮ್ಯಾಲ ಒಬ್ಬನ ಕೂತು ತಂಗಳ ತಿಂತಾನ, ಕಣ್ಣಾರೆ ನೋಡೇನಿ ಅಂದಾಳ.’

ನಾನು ನಕ್ಕೆ. ನಗು ಅರ್ಧಕ್ಕೆ ಹೋದ ಮೇಲೆ ಅದು ನನ್ನ ಬಗ್ಗೆಯೇ ಎಂದು ತಿಳಿಯಿತು. ಬಾಯಿ ತೆರೆದೇ ಇತ್ತು, ಮುಚ್ಚುವುದು ಹೇಗೆ ಎಂದು ಗೊತ್ತಾಗಲಿಲ್ಲ.

‘ಯಪ್ಪಾ, ಅದು ಸಿನಿಮಾದ್ದು!’

‘ದನಿ ಯಾರ್ದು?’

ಅಪ್ಪ ಹೊಡೆದಿದ್ದರೆ ಹಗುರಾಗುತ್ತಿತ್ತು. ಹೊಡೆಯಲಿಲ್ಲ. ಆಕೆ ಪರಕಾರ ಮಡಿಚಿ ಗೂಡಿನಲ್ಲಿಟ್ಟಳು. ಒಲೆಯ ಹತ್ತಿರ ಹೋಗಿ, ಬೆನ್ನು ತಿರುಗಿಸಿಕೊಂಡೇ ಕೇಳಿದಳು:

‘ನಾ ಹಂಗ ಮಾತಾಡ್ತೀನೇನ್ರಿ?’

ಆ ಮಾತಿನ ತುದಿಗೆ ‘ಹೌದಿಲ್ಲೋ’ ಇರಲಿಲ್ಲ. ಉತ್ತರ ಬೇಕಾಗಿತ್ತು. ಹೌದು ಅಂದರೂ ತಪ್ಪು, ಇಲ್ಲ ಅಂದರೂ ಸುಳ್ಳು. ಕಪ್ಪು ಬಿಳುಪಿನ ಸಿನಿಮಾದಲ್ಲಾದರೆ ಈ ಹೊತ್ತಿಗೆ ಆಕೆ ನನಗೆ ಬರೆ ಎಳೆಯಬೇಕು. ಬಣ್ಣದ್ದರಲ್ಲಾದರೆ ನನ್ನನ್ನು ಕ್ಷಮಿಸಿ ಹಾಡು ಹಾಡಬೇಕು. ಆಕೆ ಸಾರಿಗೆ ಉಪ್ಪು ಹಾಕಿದಳು. ಎರಡು ಸಲ ಹಾಕಿದಳೆಂದು ಕಾಣುತ್ತದೆ, ಆ ದಿನದ ಸಾರು ಸಮುದ್ರದಂತಿತ್ತು. ಮೂವರೂ ಅದನ್ನೇ ಉಂಡೆವು.

ಮರುದಿನ ಕಾಲೇಜಿಗೆಂದು ಹೊರಟವನು ವಿಜಾಪುರದಲ್ಲಿ ಬಬಲೇಶ್ವರದ ಬಸ್ಸು ಹತ್ತಿದೆ, ಅಲ್ಲಿಂದ ಕಾಖಂಡಕಿಗೆ. ದಾರಿಯುದ್ದಕ್ಕೂ ಮಾತು ಜೋಡಿಸಿಕೊಂಡೆ. ಜೋಡಿಸಿದಷ್ಟೂ ಅದು ಸಿನಿಮಾದ ಹೀರೋನ ಡೈಲಾಗಿನಂತೆ ಕೇಳುತ್ತಿತ್ತು. ಬದಲಿಸಿದರೆ ಹೆಡ್‌ಮಾಸ್ತರನಂತಾಯಿತು. ಇನ್ನೊಮ್ಮೆ ಬದಲಿಸಿದರೆ ಅಪ್ಪ ಕೊಡ ಮಾರಿದಂತಾಯಿತು. ಇದರಲ್ಲಿ ನನ್ನ ದನಿ ಯಾವುದು ಎಂದು ಹುಡುಕುವಷ್ಟರಲ್ಲಿ ಕಂಡಕ್ಟರ್ ‘ಇಳೀರಿ ಇಳೀರಿ’ ಅಂದ.

ಮನೆ ಸಿಕ್ಕಿತು. ಮುತ್ಯಾ ಅಂಗಳದಲ್ಲಿ ಹಗ್ಗ ಹೊಸೆಯುತ್ತಿದ್ದ. ಆಯಿ ಮೊರದಲ್ಲಿ ತೊಗರಿ ಹಸನು ಮಾಡುತ್ತಿದ್ದಳು. ಯಾರು ಎಂದು ಹೇಳಿದೆ. ಆಯಿ ಮೊರ ಕೆಳಗಿಟ್ಟಳು.

‘ನೀ ಏನು? ಉಪವಾಸ ಕೆಡವಿದ ಹುಡುಗ?’ ಎಂದು ಮೇಲಿಂದ ಕೆಳಗೆ ನೋಡಿದಳು. ‘ಮೈ ಏನ ಬತ್ತಿಲ್ಲ ಬಿಡು.’

‘ಆಯಿ, ಆಕಿ ನನಗ ಏನೂ ಮಾಡಿಲ್ರಿ. ನಾ ಸುಳ್ಳ ಮಾಡಿ ತೋರಿಸೀನಿ. ತಂಗಳ ನಾನ ಬೇಡಿ ತಿಂತೀನ್ರಿ.’

‘ತಂಗಳ ಯಾರ ಬೇಡಿ ತಿಂತಾರೋ?’

ಮುತ್ಯಾ ಹಗ್ಗದಿಂದ ತಲೆ ಎತ್ತದೆ, ‘ನಾ ತಿಂತೀನಲ್ಲ’ ಎಂದ.

‘ನೀ ಸುಮ್ಮಕ ಕೂಡು’ ಎಂದಳು ಆಯಿ. ‘ನನಗ ಎಲ್ಲಾ ಗೊತ್ತೈತಿ ತಮ್ಮಾ. ವಿಜಾಪುರದ ಟಾಕೀಜನ್ಯಾಗ ನಾನೂ ಸಿನಿಮಾ ನೋಡೇನಿ. ಉಡಿಕಿ ಆದಾಕಿ ಮಗಳ್ನ ಕರಕೊಂಡು ಹೊಕ್ಕಾಳ. ಆ ಮನಿ ಹಿರೇಮಗ ಬೆಲ್ಟ್ ತಗೊಂಡು ಆ ಕೂಸಿಗಿ ಹೊಡಿತಾನ. ಬಾಂಡೆ ತಿಕ್ಕಸ್ತಾನ. ಕಡೀಕ ಆ ಕೂಸು ರೈಲ್ವೆ ಹಳಿ ಮ್ಯಾಲ ಹೋಗಿ ನಿಂದರತೈತಿ. ನಾ ಮೂರು ದಿನ ಉಂಡಿಲ್ಲ ಅದನ್ನ ನೋಡಿ.’

ನಾನು ಮಲತಾಯಿಗೆ ಹೆದರಿ ಕೂತಂತೆ ಈ ಮುದುಕಿ ನನಗೆ ಹೆದರಿದ್ದಳು. ಇದು ನನಗೆ ಹೊಳೆದೇ ಇರಲಿಲ್ಲ. ನಾನೂ ಒಂದು ಸಿನಿಮಾದ ಖಳನಾಯಕನಾಗಿದ್ದೆ, ಅದೂ ನಾನು ನೋಡದ ಸಿನಿಮಾದಲ್ಲಿ.

‘ಆಯಿ, ನನ್ನ ಹಂತ್ಯಾಕ ಬೆಲ್ಟೇ ಇಲ್ರಿ. ನೋಡ್ರಿ ಬೇಕಾರ’ ಎಂದು ಅಂಗಿ ಎತ್ತಿದೆ. ಪ್ಯಾಂಟು ಉಡದಾರದ ಆಸರೆಯಲ್ಲಿ ನಿಂತಿತ್ತು. ‘ನಮ್ಮೂರಿಗಿ ರೈಲ್ವೆ ಹಳೀನೂ ಇಲ್ರಿ.’

ಮುತ್ಯಾ ನಕ್ಕ. ಅಲ್ಲಿಗೆ ಕೆಟ್ಟಿತು. ನಗು ಬಂದರೆ ನನ್ನ ಮಾತನ್ನು ಯಾರೂ ನಂಬುವುದಿಲ್ಲ. ನಾನು ಕೈಮುಗಿದು, ನಿಜ ಹೇಳುತ್ತಿದ್ದೇನೆ, ತಪ್ಪು ನನ್ನದು, ಕೂಸನ್ನು ಕಳಿಸಿ ಎಂದೆ. ಆಯಿ ಗಲ್ಲದ ಮೇಲೆ ಬೆರಳಿಟ್ಟುಕೊಂಡಳು.

‘ಎಷ್ಟು ಚಂದ ನಟಸ್ತಾನ ನೋಡ್ರಿ! ಕಣ್ಣಾಗ ನೀರೂ ತಂದಾನ!’

ಇನ್ನೇನು ಮಾಡಲಿ? ಸುಳ್ಳು ಮಾಡಿದಾಗ ಇಡೀ ಸೀಮೆ ನಿಜವೆಂದು ನಂಬಿತು. ನಿಜ ಹೇಳಿದಾಗ ಇಬ್ಬರು ಮುದುಕರು ಚಪ್ಪಾಳೆ ತಟ್ಟುವುದೊಂದೇ ಬಾಕಿ. ಬಿಸಿಲು ಏರುತ್ತಿತ್ತು. ನನಗೆ ಎದ್ದು ಹೋಗಲೂ ಆಗಲಿಲ್ಲ, ಕೂಡಲೂ ಆಗಲಿಲ್ಲ.

ಆಯಿಗೆ ಏನನ್ನಿಸಿತೋ, ‘ಅಲ್ಲಾ, ಅಕಿಂದು ಹ್ಯಾಂಗ ಮಾಡಿದಿ ಮದಿವ್ಯಾಗ? ಮಾಡು ನೋಡೂನು’ ಎಂದಳು.

‘ಬ್ಯಾಡ್ರಿ.’

‘ಊರಮಂದಿ ಮುಂದ ಮಾಡಾಕ ಬರ್ತೈತಿ, ನನ್ನ ಮುಂದ ಬ್ಯಾಡೇನು? ಮಾಡು.’

ಮದುವೆಯಲ್ಲಿ ಮಾಡಿದ್ದನ್ನು ಮತ್ತೆ ಮಾಡಲು ಬಾಯಿ ಬರಲಿಲ್ಲ. ಹಾಗಾದರೆ ಆಕೆ ಮನೆಯಲ್ಲಿ ನಿಜವಾಗಿ ಏನು ಅನ್ನುತ್ತಾಳೆ? ನೆನೆದು ನೋಡಿದರೆ ಏನೂ ಇಲ್ಲ. ಜಗಳವಿಲ್ಲ, ಕಣ್ಣೀರಿಲ್ಲ, ಡೈಲಾಗೇ ಇಲ್ಲ. ಸಿಕ್ಕಿದ್ದನ್ನೇ ಅಂದೆ. ಟವಲು ಹೊದೆಯಲಿಲ್ಲ, ಸೊಂಟಕ್ಕೆ ಕೈ ಹಚ್ಚಲಿಲ್ಲ.

‘ಉಣ್ಣಾಕ ಬರ್ರಿ. ಆರಿ ಹೊಕ್ಕೈತಿ, ಹೌದಿಲ್ಲೋ? ಇವತ್ತರೆ ಬಿಸಿ ರೊಟ್ಟಿ ತಿನ್ರಿ. ಮೊಸರು ಹುಳಿ ಆಗೇತಿ, ಸೋಸಿ ಹಾಕೇನಿ, ಹೌದಿಲ್ಲೋ? ಕೊಡಿ ತಗೊಂಡು ಹೋಗ್ರಿ, ಬಿಸಲ ಐತಿ. ಹಿಟ್ಟು ಮುಗೀತು, ಹೌದಿಲ್ಲೋ.’

ಆಯಿ ನಗಲಿಲ್ಲ. ಆ ಅಂಗಳದಲ್ಲಿ ಎಂಟು ವರ್ಷ ಆ ದನಿ ಓಡಾಡಿತ್ತು. ಮುದುಕಿಯ ಕೈ ಮೊರದ ಮೇಲೆ ಸುಮ್ಮನೆ ಹೊರಳಿ ತೊಗರಿಯ ನಾಲ್ಕು ಕಾಳು ಕೆಳಗೆ ಉದುರಿದವು. ಒಳಗಿನ ಕತ್ತಲಿನಿಂದ ಒಂದು ಹುಡುಗಿ ಬಾಗಿಲಿಗೆ ಬಂತು. ಎಡಗೈಯಲ್ಲಿ ಅರ್ಧ ಕಡಿದ ಬೆಲ್ಲ. ಅಂಗಳದಲ್ಲಿ ಹೆಂಗಸರು ಯಾರಿದ್ದಾರೆ ಎಂದು ಎಲ್ಲ ಕಡೆ ನೋಡಿತು. ಆಯಿ ಒಬ್ಬಳೇ ಇದ್ದಳು. ಆಮೇಲೆ ಮೀಸೆ ಚಿಗುರಿದ ನನ್ನ ಕಡೆ ನೋಡಿತು.

‘ಇನ್ನೊಮ್ಮಿ ಅನ್ನು’ ಎಂದಿತು.

ಅಂದೆ. ಹುಡುಗಿ ಒಂದು ಹೆಜ್ಜೆ ಮುಂದೆ ಬಂತು. ‘ಇನ್ನೊಮ್ಮಿ.’

ನಾಲ್ಕನೆಯ ಸಲಕ್ಕೆ ಮುತ್ಯಾ ಹಗ್ಗ ಬಿಟ್ಟು ಎದ್ದು ಹಿತ್ತಲಿಗೆ ಹೋದ. ಆಯಿ ಉದುರಿದ ಕಾಳುಗಳನ್ನು ಒಂದೊಂದಾಗಿ ಆರಿಸಿ ಮೊರಕ್ಕೆ ಹಾಕಿದಳು. ಕಡೆಗೆ, ‘ಎಂಟ ದಿನ. ಒಂಬತ್ತನೇ ದಿನ ಹೊತ್ತು ಮುಣಗೂದರಾಗ ಕೂಸು ಈ ಅಂಗಳದಾಗ ಇರಬೇಕು. ಇಲ್ಲಂದ್ರ ಇದ ಕಡೀದು’ ಎಂದಳು.

ಬಸ್ಸಿನಲ್ಲಿ ಹುಡುಗಿ ಕಿಟಕಿಯ ಕಡೆ ಕೂತಿತು. ಬಬಲೇಶ್ವರದವರೆಗೆ ನಾಚಿತು. ಅಲ್ಲಿಂದ ಮುಂದೆ, ‘ಅವ್ವನಂಗ ಅನ್ನು’ ಎಂದು ಗಂಟು ಬಿತ್ತು. ವಿಜಾಪುರದ ಬಸ್‌ಸ್ಟ್ಯಾಂಡಿನಲ್ಲಿ ನಾನು ‘ಬಾಳಿಹಣ್ಣ ತಿಂತೀಯೇನ, ಹೌದಿಲ್ಲೋ?’ ಅನ್ನುವುದನ್ನು ಕೇಳಿ ಹಣ್ಣಿನವನು ನನ್ನ ಗಂಟಲಿಗೆ ಔಷಧ ಹೇಳಿದ. ತಿಕೋಟಾ ಮುಟ್ಟುವಷ್ಟರಲ್ಲಿ ಸುಮಾರು ನೂರು ಸಲ ತಾಯಿಯಾಗಿದ್ದೆ.

ಆಕೆ ಬಾಗಿಲಲ್ಲಿದ್ದಳು. ನಾನು ಹೇಳದೆ ಹೋಗಿದ್ದೆ. ಕೂಸು ಬರುವುದು ಆಕೆಗೆ ಗೊತ್ತಿರಲಿಲ್ಲ. ಮಗಳ ಹೆಸರು ಹಿಡಿದು ಒಮ್ಮೆ ಕರೆದಳು, ಅದೇ ಒಡಕು ದನಿ. ಕರೆದದ್ದು ಆಕೆ. ಹುಡುಗಿ ನೋಡಿದ್ದು ನನ್ನ ಬಾಯಿಯನ್ನು.

ನಾನು ಬಾಯಿಯ ಮೇಲೆ ಕೈ ಇಟ್ಟುಕೊಂಡೆ. ಎರಡನೆಯ ಸಲ ಕರೆದಾಗ ಹುಡುಗಿ ಅತ್ತ ತಿರುಗಿತು, ಆದರೆ ಓಡಲಿಲ್ಲ. ಸಿನಿಮಾದಲ್ಲಿ ಇಬ್ಬರೂ ಓಡುತ್ತಾರೆ, ನಡುವೆ ಒಂದು ಹೊಲವಾದರೂ ಇರುತ್ತದೆ. ನಮ್ಮ ಅಂಗಳ ಆರು ಹೆಜ್ಜೆ. ಆಕೆ ಕಾಲಿಗೆ ನೀರು ತಂದಳು. ಹುಡುಗಿ ಕಾಲು ತೊಳೆದುಕೊಂಡು ಬೀಗರಂತೆ ಒಳಗೆ ಬಂದು ಗೋಡೆಗೆ ಒರಗಿ ನಿಂತಿತು. ಆಕೆ ಗೂಡಿನಿಂದ ಪರಕಾರ ತೆಗೆದು ಉಡಿಸಿದಳು. ಅದು ಮೊಣಕಾಲಿಗೆ ನಿಂತಿತು. ಹೋದ ವರ್ಷ ಬಿಟ್ಟು ಬಂದ ಹುಡುಗಿಯ ಅಳತೆಗೆ ಹೊಲಿದದ್ದು. ಆಕೆ ಅಂಚನ್ನು ಕೆಳಗೆ ಜಗ್ಗಿ ಜಗ್ಗಿ ನೋಡಿದಳು. ಎಷ್ಟು ಜಗ್ಗಿದರೂ ಅದು ಅಷ್ಟೇ ಇತ್ತು.

ಎಂಟು ದಿನ ಆ ಹುಡುಗಿ ನನ್ನ ಹಿಂದೆಯೇ ಓಡಾಡಿತು. ತಾಯಿಯ ಹತ್ತಿರ ಮಲಗುತ್ತಿತ್ತು, ಏನಾದರೂ ಬೇಕಾದರೆ ನನಗೆ ಹೇಳುತ್ತಿತ್ತು. ನಾನು ಆ ಮಾತನ್ನು ಒಲೆಯವರೆಗೆ ಒಯ್ಯುತ್ತಿದ್ದೆ, ಉತ್ತರ ತರುತ್ತಿದ್ದೆ. ಪೋಸ್ಟಮನ್ ಆಗಿದ್ದೆ. ಆರನೆಯ ದಿನ ನಾನು ಕಾಲೇಜಿನಿಂದ ಬಂದಾಗ ಇಬ್ಬರೂ ಹಿತ್ತಲಲ್ಲಿ ಕೂತು ಹುಣಸೆಹಣ್ಣಿನ ಬೀಜ ತೆಗೆಯುತ್ತ ಯಾವುದೋ ಮಾತಿಗೆ ನಗುತ್ತಿದ್ದರು. ನನ್ನನ್ನು ಕಂಡು ಸುಮ್ಮನಾದರು. ನನಗೆ ಸಂತೋಷವಾಗಬೇಕಾಗಿತ್ತು. ಆಯಿತೋ ಇಲ್ಲವೋ ಈಗಲೂ ಗೊತ್ತಿಲ್ಲ.

ಒಂಬತ್ತನೆಯ ದಿನ ಮುಂಜಾನೆ ಎದ್ದರೆ ಆಕೆ ಹುಡುಗಿಗೆ ಎಣ್ಣೆ ಹಚ್ಚಿ ಜಡೆ ಹಾಕಿ, ರೊಟ್ಟಿ ಬುತ್ತಿ ಕಟ್ಟಿ ಕೂಡಿಸಿದ್ದಳು. ನನಗೆ ಸಿಟ್ಟು ಬಂತು. ಒಂದು ವರ್ಷದಲ್ಲಿ ಮೊದಲ ಸಲ ನನ್ನದೇ ಮಾತನ್ನು ತಂಬಿಗೆಯ ಸಹಾಯವಿಲ್ಲದೆ ಆಡಿದೆ.

‘ಇಟ್ಕೋರಿ. ಬಂದು ಏನ ಮಾಡ್ತಾರ ಅವ್ರು? ಮುದುಕರು. ನಾ ನೋಡ್ಕೋತೀನಿ.’

‘ಇಟ್ಕೊಂಡ್ರ ಇದ ಒಂದ ಸಲ’ ಎಂದಳು ಆಕೆ, ಬುತ್ತಿಯ ಗಂಟು ಬಿಗಿಯುತ್ತ. ‘ಕಳಸಿದ್ರ ಮತ್ತ ಕಳಸ್ತಾರ. ಹೊತ್ತಾತು, ಬಸ್ಸ ತಪ್ಪತೈತಿ.’

ಬಾಗಿಲವರೆಗೂ ಬರಲಿಲ್ಲ. ಹಿಂದಿನಿಂದ ಮೊರದ ಸಪ್ಪಳ ಕೇಳಿಸಿತು. ಇದು ಗಟ್ಟಿತನವೋ ಕಲ್ಲುತನವೋ, ನನಗೆ ಅಂದು ತಿಳಿಯಲಿಲ್ಲ. ಬಸ್ಸಿನಲ್ಲಿ ಹುಡುಗಿಯೂ ಅಳಲಿಲ್ಲ. ತಾಯಿಯ ದನಿ ಮಾಡು ಎಂದೂ ಕೇಳಲಿಲ್ಲ. ನಾನಾಗಿಯೇ ಒಮ್ಮೆ ಮಾಡಿದೆ. ‘ಹಂಗಲ್ಲ ಅದು’ ಎಂದು ಕಿಟಕಿಯ ಕಡೆ ತಿರುಗಿತು.

ಹೊತ್ತು ಇನ್ನೂ ನೆತ್ತಿಯ ಮೇಲಿರುವಾಗಲೇ ಅಂಗಳ ಮುಟ್ಟಿದೆವು. ಆಯಿ ಬಾಗಿಲಲ್ಲೇ ನಿಂತಿದ್ದಳು. ನಾವು ಬಂದೆವೆಂದು ನಂಬಿಕೆಯಾಗದೆ ಮೊದಲು ಹುಡುಗಿಯ ಕೈ ಕಾಲು ತಡವಿ ನೋಡಿದಳು.

‘ಏನ ಉಂಡಿ ಬೇ? ಬಾಂಡೆ ತಿಕ್ಕಿಸಿದ್ರೇನು? ಈ ಹುಡುಗ ಹೊಡದ್ನೇನು?’

ಹುಡುಗಿ ಉತ್ತರ ಕೊಡಲಿಲ್ಲ. ಚೀಲ ಕೆಳಗಿಟ್ಟು, ಎರಡು ಹೆಗಲು ಕಿವಿಯವರೆಗೆ ಎತ್ತಿ, ಮೂಗು ಒರೆಸಿ, ಒಂದು ಮಾತು ಅಂದು ಸುತ್ತ ಯಾರು ನಗುತ್ತಾರೆಂದು ಕಳ್ಳನಂತೆ ನೋಡಿತು. ಇನ್ನೊಂದು ಮಾತು, ಮತ್ತೆ ಅದೇ ನೋಟ. ಮುತ್ಯಾ ಮೊದಲು ನಕ್ಕ. ಆಯಿ ನನ್ನ ಕಡೆ ನೋಡಿದಳು, ಹುಡುಗಿಯ ಕಡೆ ನೋಡಿದಳು, ಸೆರಗು ಬಾಯಿಗೆ ಹಿಡಿದು ಕುಸಿದು ಕೂತಳು. ಅದು ಯಾರು ಎಂದು ತಿಳಿಯಲು ನನಗೆ ಸ್ವಲ್ಪ ಹೊತ್ತು ಹಿಡಿಯಿತು. ಅಷ್ಟು ಪೆದ್ದನಂತೆ ಕಾಣುತ್ತೇನೆಂದು ಯಾವ ಗೆಳೆಯನೂ ನನಗೆ ಹೇಳಿರಲಿಲ್ಲ.

ನಗು ಮುಗಿದ ಮೇಲೆ ಮುತ್ಯಾ ನನ್ನ ಜತೆ ಬಸ್ಸಿನವರೆಗೆ ಬಂದ. ಬಸ್ಸು ಹೊರಡುವಾಗ ಕಿಟಕಿಯ ಸರಳು ಹಿಡಿದು, ‘ದೀಪಾವಳಿ ಸೂಟಿಗಿ ನೀನ ಬಾ. ಆಯಿಗಿ ನಾ ಹೇಳ್ತೀನಿ’ ಎಂದ. ಹಿಂದೆ ಸ್ವಲ್ಪ ದೂರ ನಿಂತಿದ್ದ ಆಯಿ, ‘ಏನ ಹೇಳ್ತಿ? ನಾನ ಹೇಳಾಕತ್ತೇನಿ, ಕಳಸ್ತೀನಿ ಅಂತ’ ಎಂದು ಕೂಗಿದಳು.

ನಾನು ಮನೆ ಸೇರಿದಾಗ ದೀಪ ಹಚ್ಚಿದ್ದರು. ಆಕೆ ರೊಟ್ಟಿ ಬಡಿಯುತ್ತಿದ್ದಳು. ಅತ್ತಳೇನು ಎಂದು ಕೇಳಲಿಲ್ಲ, ನೆಟ್ಟಗೆ ಮುಟ್ಟಿಸಿದಿರೇನು ಎಂದೂ ಕೇಳಲಿಲ್ಲ.

‘ದೀಪಾವಳಿಗಿ ಕಳಸ್ತಾರಂತ್ರಿ’ ಎಂದೆ.

ಹಿಟ್ಟಿನ ಮೇಲಿನ ಕೈ ನಿಂತಿತು. ‘ಯಾರಂದ್ರು? ಮಾವನೋ ಅತ್ತಿನೋ?’

‘ಇಬ್ರೂ.’

‘ಅತ್ತಿ ತನ್ನ ಬಾಯ್ಲೆ ಅಂದಳೇನು? ಹ್ಯಾಂಗ ಅಂದಳು?’

ಮುದುಕಿಯ ದನಿ ತೆಗೆದು ಅಂದೆ. ಆಕೆ ತಲೆ ಬಗ್ಗಿಸಿ ಕೇಳಿದಳು. ‘ಅಕಿ ಹಂಗ ಅಂದಿದ್ರ ಖರೇನ ಕಳಸ್ತಾಳ’ ಎಂದಳು. ಸ್ವಲ್ಪ ಹೊತ್ತಿಗೆ, ‘ಇನ್ನೊಮ್ಮಿ ಹೇಳ್ರಿ’ ಎಂದಳು. ಹೇಳಿದೆ. ಮೂರನೆಯ ಸಲ ಹೇಳುವಾಗ ಹಂಚಿನ ಮೇಲಿನ ರೊಟ್ಟಿ ಕಪ್ಪಾಗಿ ಹೊಗೆಯಾಡುತ್ತಿತ್ತು. ನಾನು ನೋಡಿದೆ, ಆದರೆ ನಡುವೆ ಮಾತು ನಿಲ್ಲಿಸಲಿಲ್ಲ.